ವಿಷಪ್ರೇಮದ ಸಾಧುರಸಿಕ

ಪ್ರೀತಿಸಿದವರ ಬೆನ್ನು ಬಿಡದೆ ಬೇಹು ನಡೆಸುವ, ಅಡ್ಡ ಬಂದವರನ್ನು ಕೊಲ್ಲಲೂ ಹೇಸದ ವ್ಯಾಮೋಹವನ್ನು ‘ವಿಷಪ್ರೇಮ’ ಎಂದು ಕರೆಯುವುದಾದರೆ, ಅದನ್ನು ಪರದೆಯ ಮೇಲೆ ಮಾತ್ರ ಆರಾಧಿಸಿ ನಿಜಜೀವನದಲ್ಲಿ ಹೋಟೆಲಿನ ಮಾಣಿಗೂ ಎದುರಾಡದೆ ಬದುಕುವವನನ್ನು ವಿಷಪ್ರೇಮರಸಿಕ ಎನ್ನಬಹುದು. ಊಟ, ಮಂಚ ಎರಡನ್ನೂ ತಿಂಗಳ ಬಾಡಿಗೆಗೆ ಒದಗಿಸುವ ಬೆಂಗಳೂರಿನ ಪಿಜಿಗಳಲ್ಲಿ ಈ ತಳಿ ಹೇರಳವಾಗಿದೆ. ಸಂಜೆಯಾಗುತ್ತಲೇ ದೀಪವಾರಿಸಿ, ಗೋಡೆಗಂಟಿಸಿದ ನೀಲಿ ಎಲ್‌ಇಡಿ ಪಟ್ಟಿ ಹೊತ್ತಿಸಿ, ‘ಸ್ಲೋಡ್ ಅಂಡ್ ರಿವರ್ಬ್’ ಹಾಡುಗಳನ್ನು, ಎಂದರೆ ವೇಗ ತಗ್ಗಿಸಿ ಪ್ರತಿಧ್ವನಿ ಬೆರೆಸಿದ ಹಳೆಯ ಹಾಡುಗಳನ್ನು, ಆತ ಕೇಳತೊಡಗುತ್ತಾನೆ. ಈ ನಿಧಾನಗತಿಯ ಬೇರು 1990ರ ದಶಕದಲ್ಲಿ ಹ್ಯೂಸ್ಟನ್ನಿನ ಡಿಜೆ ಸ್ಕ್ರೂ ಮಾಡಿದ ಕ್ಯಾಸೆಟ್‌ಗಳಲ್ಲಿದೆಯಾದರೂ, ಪಕ್ಕದ ಮಂಚದವನು ಸ್ಪೀಕರಿನ ಚಾರ್ಜು ಮುಗಿದಿದೆಯೆಂದೇ ತಿಳಿಯುತ್ತಾನೆ.

ಈತನ ಆರಾಧ್ಯದೈವ, 2018ರಲ್ಲಿ ಆರಂಭವಾದ ‘ಯೂ’ ಧಾರಾವಾಹಿಯ ಜೋ ಗೋಲ್ಡ್‌ಬರ್ಗ್. ನ್ಯೂಯಾರ್ಕಿನ ಪುಸ್ತಕದಂಗಡಿಯ ಈ ಸಭ್ಯ ವ್ಯವಸ್ಥಾಪಕ ಪ್ರೇಯಸಿಯ ಫೋನ್ ಲಪಟಾಯಿಸಿ, ಆಕೆಯ ಕಿಟಕಿಯಲ್ಲಿ ಇಣುಕಿ, ನೆಲಮಾಳಿಗೆಯ ಗಾಜಿನ ಪಂಜರದಲ್ಲಿ ಜನರನ್ನು ಕೂಡಿಹಾಕುತ್ತಾನೆ. ಜೋ ಒಬ್ಬ ಕೊಲೆಗಾರನೆಂದು ಆ ಪಾತ್ರ ವಹಿಸಿದ ಪೆನ್ ಬ್ಯಾಡ್ಜ್‌ಲೀಯೇ ಮರುಳಾದ ಅಭಿಮಾನಿಗಳಿಗೆ 2019ರಲ್ಲಿ ಟ್ವಿಟರಿನಲ್ಲಿ ನೆನಪಿಸಬೇಕಾಯಿತು. ಆದರೆ ನಟನಿಗೆ ಪಾತ್ರದ ಆಳ ದಕ್ಕಿಲ್ಲವೆಂಬುದು ರಸಿಕನ ಖಚಿತ ಅಭಿಪ್ರಾಯ. ಇಷ್ಟಾದರೂ, ಸಹೋದ್ಯೋಗಿಯೊಬ್ಬಳಿಗೆ ಕಳುಹಿಸಿದ ‘ಹಾಯ್’ ಎಂಬ ಸಂದೇಶಕ್ಕೆ ನೀಲಿ ಗೆರೆ ಮೂಡಿಯೂ ಉತ್ತರ ಬಾರದಿದ್ದಾಗ, ಇನ್ನೊಂದು ಕಳುಹಿಸಿದರೆ ಅವಳಿಗೆ ತೊಂದರೆಯಾದೀತೆಂದು ಸುಮ್ಮನಾದವನು ಈತನೇ ಎಂಬುದನ್ನು ಇಲ್ಲಿ ದಾಖಲಿಸಲೇಬೇಕು.

ಸಂಭಾಷಣೆ ಓದುತ್ತ, ಚಿತ್ರ ನೋಡುತ್ತ ಮುಂದುವರಿಯುವ ‘ವಿಷುಯಲ್ ನಾವೆಲ್’ ಎಂಬ ಆಟಗಳಲ್ಲೂ ಈತನಿಗೆ ಗತಿಯಿದೆ. 2017ರ ‘ಡೋಕಿ ಡೋಕಿ ಲಿಟರೇಚರ್ ಕ್ಲಬ್’ನಲ್ಲಿ ಮೋನಿಕಾ ಎಂಬ ಹುಡುಗಿ ಉಳಿದ ಹುಡುಗಿಯರನ್ನೆಲ್ಲ ಅಳಿಸಿಹಾಕಿ ಆಟಗಾರನೆದುರು ಒಬ್ಬಳೇ ಕುಳಿತು ಮಾತಾಡುತ್ತಲೇ ಇರುತ್ತಾಳೆ, ಆಕೆಯ ಕಡತವನ್ನು ಕಂಪ್ಯೂಟರಿನಿಂದ ಅಳಿಸದ ಹೊರತು ಆಟ ಮುಂದೆ ಸಾಗದು. ತಾಯಿಯ ಶುಭೋದಯ ಸಂದೇಶಗಳನ್ನು ನೋಡದೆಯೇ ಅಳಿಸುವ ರಸಿಕನಿಗೆ ಇದನ್ನು ಅಳಿಸಲು ಮಾತ್ರ ಕೈ ಬರಲಿಲ್ಲ. ವಾಸ್ತವವಾಗಿ, ಆತನ ಬದುಕಿನಲ್ಲಿ ಜೋನ ವಿದ್ಯೆಯನ್ನು ಬಲ್ಲವರಿದ್ದರೆ ಅದು ಹಾಸನದಲ್ಲಿರುವ ತಾಯಿಯೊಬ್ಬರೇ: ಮಗ ರಾತ್ರಿ ಎಷ್ಟು ಹೊತ್ತಿನವರೆಗೆ ವಾಟ್ಸ್ಆ್ಯಪಿನಲ್ಲಿದ್ದನೆಂಬುದು ಅವರಿಗೆ ಗೊತ್ತು, ಫೋನೆತ್ತದಿದ್ದರೆ ಪಕ್ಕದ ಮಂಚದವನಿಗೇ ಕರೆ ಹೋಗುತ್ತದೆ. “ಎಲ್ಲಿದೀಯೋ, ಊಟ ಆಯ್ತಾ?” ಎಂಬ ಅವರ ಪ್ರಶ್ನೆಯನ್ನು ಆತ ಖಾಸಗಿತನದ ಉಲ್ಲಂಘನೆಯೆಂದು ಬಗೆಯುತ್ತಾನೆ.

ಈಚೆಗೆ ಮದುವೆಗೆಂದು ಊರಿನವರು ನೋಡಿದ ಹೆಣ್ಣಿನ ಕಡೆಯ ಸೋದರಮಾವನೊಬ್ಬರು ಪಿಜಿಗೆ ಬಂದು, ಹುಡುಗ ರಾತ್ರಿ ಎಷ್ಟಕ್ಕೆ ಬರುತ್ತಾನೆ, ಕುಡಿಯುತ್ತಾನೆಯೇ ಎಂದು ಮಾಲೀಕರಲ್ಲಿ ವಿಚಾರಿಸಿ ಹೋದದ್ದು ತಿಳಿದು ರಸಿಕ ಕೆಂಡಾಮಂಡಲವಾದನು. ಹೀಗೆ ಬೆನ್ನುಬಿದ್ದು ವಿಚಾರಿಸುವ ಮನೆತನದ ಸಂಬಂಧವೇ ಬೇಡವೆಂದು ಊರಿಗೆ ಫೋನ್ ಮಾಡಿ ಹೇಳಿ, ಬಾಗಿಲು ಹಾಕಿಕೊಂಡು, ಜೋ ಸಂಸಾರಸ್ಥನಾಗಿಯೂ ಪಕ್ಕದ ಮನೆಯವಳತ್ತ ಇಣುಕುವ ಮೂರನೆಯ ಸೀಸನ್ನನ್ನು ಮತ್ತೆ ಮೊದಲಿನಿಂದ ನೋಡತೊಡಗಿದನು.