ಜೀವಿತಾವಧಿ ತೆರಿಗೆಗೆ ತಾರ್ನಾಕದಿಂದ ಒಂದು ಓಲೆ

ಶ್ರೀಮಾನ್ ಜೀವಿತಾವಧಿ ತೆರಿಗೆಯವರ ಸನ್ನಿಧಿಗೆ, ಹೈದರಾಬಾದಿನ ತಾರ್ನಾಕದ ಕನ್ನಡಿಗನ ಸಾಷ್ಟಾಂಗ ನಮಸ್ಕಾರಗಳು.

ಹೆಸರೇ ಹೇಳುವಂತೆ ತಾವು ವಾಹನದ ಬಾಳಿಗೊಮ್ಮೆ ಬಂದುಹೋಗುವ ಅತಿಥಿ. ಹತ್ತರಿಂದ ಇಪ್ಪತ್ತು ಲಕ್ಷದ ಕಾರಿಗೆ ಕರ್ನಾಟಕದಲ್ಲಿ ಶೇ 17ರಷ್ಟು ತೆತ್ತವರು, ಇನ್ನು ಹದಿನೈದು ವರ್ಷ ತಮ್ಮ ಮುಖ ನೋಡಬೇಕಿಲ್ಲ ಎಂದು ನಂಬಿರುತ್ತಾರೆ. ಆದರೆ ಬೀದರ್ ಬಿಟ್ಟು ಜಹೀರಾಬಾದ್ ದಾಟಿದ ಕಾರು ಹನ್ನೆರಡು ತಿಂಗಳು ತೆಲಂಗಾಣದಲ್ಲೇ ಉಳಿದರೆ ಸಾಕು, ತಾವು ಮರುಹುಟ್ಟು ಪಡೆಯುತ್ತೀರಿ. 1988ರ ಮೋಟಾರು ವಾಹನ ಕಾಯಿದೆಯ 46ನೇ ಸೆಕ್ಷನ್, ಒಂದು ರಾಜ್ಯದ ನೋಂದಣಿ ಇಡೀ ದೇಶಕ್ಕೆ ಸಲ್ಲುತ್ತದೆ ಎನ್ನುತ್ತದೆ. ಪಕ್ಕದ 47ನೆಯದು, ವರ್ಷ ಮೀರಿದರೆ ಹೊಸ ನಂಬರ್ ಪಡೆ ಎನ್ನುತ್ತದೆ. ನಡುವೆ ಒಂದೇ ಗೋಡೆ, ಆದರೂ ಮಾತುಕತೆ ಇದ್ದಂತಿಲ್ಲ. ನಂಬರ್ ಬದಲಿಸಲು ತಕರಾರಿಲ್ಲ. ಅದರ ಬೆನ್ನಿಗೆ ತಾವೂ ಬರುತ್ತೀರಲ್ಲ, ಅದೇ ತಕರಾರು.

ತಾವೆಂದರೆ ರಸ್ತೆ ಬಳಕೆಗೆ ನಾವು ಕೊಡುವ ಪರಿಹಾರ ಎಂಬುದು ನ್ಯಾಯಾಲಯಗಳ ಮಾತು. ವಿಶಾಖಪಟ್ಟಣದ ಉಕ್ಕಿನ ಕಾರ್ಖಾನೆಯ ಆವರಣದೊಳಗಷ್ಟೇ ಓಡಿದ ವಾಹನಗಳಿಗೆ ಆ ಅವಧಿಯ ತೆರಿಗೆ ಕೇಳುವಂತಿಲ್ಲ ಎಂದು 2025ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಆಂಧ್ರದ 1963ರ ತೆರಿಗೆ ಕಾಯಿದೆಯ ಮೇಲೆ ಬಂದ ತೀರ್ಪದು; ತೆಲಂಗಾಣವೂ ಅದೇ ಕಾಯಿದೆಯ ವಾರಸುದಾರ. ಆ ತೀರ್ಪು ಸರಕು ಸಾಗಣೆಯವರದ್ದು, ಖಾಸಗಿ ಕಾರಿನದ್ದಲ್ಲ ಎಂದು ವಕೀಲರು ಗೊಣಗಬಹುದು. ತರ್ಕಕ್ಕೆ ಬಿಳಿ ಬೋರ್ಡು, ಹಳದಿ ಬೋರ್ಡು ಎಂಬ ಭೇದವಿಲ್ಲ ಸ್ವಾಮಿ. ಓಡದ ರಸ್ತೆಗೆ ಹಣವಿಲ್ಲ ಎಂದಾದರೆ, ಬಿಟ್ಟುಬಂದ ಹುಬ್ಬಳ್ಳಿಯ ರಸ್ತೆಯ ಹೆಸರಲ್ಲಿ ಹತ್ತು ವರ್ಷದ ಹಣ ಅಲ್ಲೇಕೆ ಕೂತಿದೆ?

ವಾಪಸು ಕೇಳಿಕೊಳ್ಳಿ, ದಾರಿಯಿದೆ ಎನ್ನುತ್ತೀರಿ. ಇದೆ. ಅಲ್ಲಿಂದ ಎನ್‌ಒಸಿ ತಂದು, ಇಲ್ಲಿಯ ತೆರಿಗೆ ಮೊದಲು ಕಟ್ಟಿ, ಹೊಸ ಆರ್‌ಸಿ ಪಡೆದು, ಅದನ್ನು ಹಿಡಿದು ಮತ್ತೆ ಹಳೆಯ ಆರ್‌ಟಿಒ ಬಾಗಿಲಿಗೆ ಹೋಗಬೇಕು. ಬಾಕಿ ಇಟ್ಟುಕೊಂಡದ್ದು ಸರ್ಕಾರ, ಅಲೆಯುವವನು ಕೊಟ್ಟವನು. 2017ರಿಂದ ಜಿಎಸ್‌ಟಿಯಲ್ಲಿ ಇದೇ ಸರ್ಕಾರಗಳು ಲೆಕ್ಕವನ್ನು ತಮ್ಮತಮ್ಮಲ್ಲೇ ತೀರಿಸಿಕೊಳ್ಳುತ್ತಿವೆ. ಬೆಂಗಳೂರಿನಲ್ಲಿ ತಯಾರಾದ ಬಿಸ್ಕತ್ತು ಹಬ್ಸಿಗುಡದಲ್ಲಿ ಮಾರಾಟವಾದರೆ ರಾಜ್ಯದ ಪಾಲು ತೆಲಂಗಾಣಕ್ಕೆ ತಾನೇ ನಡೆದು ಬರುತ್ತದೆ. ಚಕ್ರವಿಲ್ಲದ ಬಿಸ್ಕತ್ತಿನ ತೆರಿಗೆ ಗಡಿ ದಾಟುತ್ತದೆ. ಚಕ್ರವಿರುವ ಕಾರಿನದ್ದು ದಾಟುವುದಿಲ್ಲ!

ಪುದುಚೇರಿಯ ಸುಳ್ಳು ವಿಳಾಸದಲ್ಲಿ ಐಷಾರಾಮಿ ಕಾರು ನೋಂದಾಯಿಸಿ ತೆರಿಗೆ ತಪ್ಪಿಸುವವರಿಲ್ಲವೇ ಎಂಬ ಆಕ್ಷೇಪ ನ್ಯಾಯವೇ. ಅವರನ್ನು ಹಿಡಿಯಿರಿ. ಆದರೆ ತೆರಿಗೆ ಉಳಿಸಲೆಂದು ಕರ್ನಾಟಕದಲ್ಲಿ ಕಾರು ಕೊಳ್ಳುವಷ್ಟು ಮುಗ್ಧ ಕಳ್ಳ ಈ ದೇಶದಲ್ಲಿ ಇನ್ನೂ ಹುಟ್ಟಬೇಕು. ಇನ್ನು ವರ್ಷ ಮೀರಿತೇ ಇಲ್ಲವೇ ಎಂಬ ಜಗಳ: ಟೋಲ್‌ನಲ್ಲಿ ಫಾಸ್ಟ್ಯಾಗ್ ಕೊರೆದಿಟ್ಟ ತಾರೀಖು ಕಂಪ್ಯೂಟರಿನಲ್ಲೇ ಇದ್ದರೂ, ರುಜುವಾತಿನ ಹೊರೆ ಮಾಲೀಕನ ತಲೆಯ ಮೇಲೆ.

ತೆಲಂಗಾಣಕ್ಕೆ ಬುದ್ಧಿ ಹೇಳುವ ಯೋಗ್ಯತೆ ನಮ್ಮ ತವರಿಗೂ ಇಲ್ಲ. 2014ರ ತಿದ್ದುಪಡಿಯಲ್ಲಿ ಆ ಹನ್ನೆರಡು ತಿಂಗಳನ್ನು ಮೂವತ್ತೇ ದಿನಕ್ಕೆ ಇಳಿಸಿದ್ದು ಕರ್ನಾಟಕ. 2016ರಲ್ಲಿ ಅದನ್ನು ಹೈಕೋರ್ಟ್ ಅಳಿಸಬೇಕಾಯಿತು. ರಾಜ್ಯ ಬದಲಾದರೂ ನಂಬರ್ ಬದಲಿಸಬೇಕಿಲ್ಲದ, 2021ರಲ್ಲಿ ಬಂದ ಬಿಎಚ್ (ಭಾರತ್) ಸರಣಿಯನ್ನು ಖಾಸಗಿ ನೌಕರರಿಗೆ ನಿರಾಕರಿಸಿ 2022ರಲ್ಲಿ ಮತ್ತೆ ಅಲ್ಲೇ ಸೋತದ್ದೂ ಅದೇ. ಬಿಎಚ್‌ಗೆ ಎರಡೆರಡು ವರ್ಷದ ತೆರಿಗೆ ಸಾಕು. ತಮ್ಮನ್ನು ತುಂಡು ಮಾಡಿ ವಸೂಲು ಮಾಡಬಹುದೆಂಬುದಕ್ಕೆ ಇದಕ್ಕಿಂತ ಸಾಕ್ಷಿ ಬೇಕೇ? ಆದರೆ ಅದು ಸರ್ಕಾರಿ ನೌಕರರಿಗೆ, ನಾಲ್ಕು ರಾಜ್ಯಗಳಲ್ಲಿ ಕಚೇರಿಯಿರುವ ಕಂಪನಿಯವರಿಗೆ. ಉಡುಪಿ ಹೋಟೆಲಿನವನು ಅಷ್ಟು ದೊಡ್ಡವನಲ್ಲ.

ತಾರ್ನಾಕದ ಸಿಗ್ನಲ್ಲಿನಲ್ಲಿ ಇಂದಿಗೂ ಎಪಿ, ಟಿಎಸ್, ಟಿಜಿ ಫಲಕಗಳು ಒಂದೇ ಸಾಲಲ್ಲಿ ನಿಲ್ಲುತ್ತವೆ. 2014ರಲ್ಲಿ ರಾಜ್ಯವೇ ಒಡೆದರೂ, 2024ರಲ್ಲಿ ಅಕ್ಷರವೇ ಬದಲಾದರೂ ಇಲ್ಲಿಯ ಹಳೆಯ ವಾಹನಗಳನ್ನು ತಾವು ಎರಡನೇ ಸಲ ಕೇಳಲಿಲ್ಲ. ಆ ಸಾಲಿನಲ್ಲಿ ಕೆಎಗೂ ಒಂದಿಷ್ಟು ಜಾಗ ಕೊಡಿ. ಉಳಿದ ಲೆಕ್ಕವನ್ನು ಬೆಂಗಳೂರು, ಹೈದರಾಬಾದುಗಳೇ ಕೂತು ಮುಗಿಸಿಕೊಳ್ಳಲಿ.

ಇಂತಿ ತಮ್ಮ ವಿಧೇಯ,
ತಾರ್ನಾಕದ ಒಬ್ಬ ಬಿಳಿ ಬೋರ್ಡಿನವನು