ಬಸವಣ್ಣನ ಹಣೆಬರಹ

ನಮ್ಮ ಬೆಂಗಳೂರಿನ ಅಪಾರ್ಟ್‌ಮೆಂಟಿನ ಗೇಟು ದಾಟಲು ಆ್ಯಪಿನ ಅಪ್ಪಣೆ ಬೇಕು. ಅದರಲ್ಲಿ ಡೆಲಿವರಿ, ಕ್ಯಾಬ್, ಅತಿಥಿ, ಮನೆಗೆಲಸ ಎಂಬ ಕಲಮುಗಳಿವೆ. ಕೋಲೆ ಬಸವ ಎಂಬುದಿಲ್ಲ. 'ಯಾವ ಫ್ಲ್ಯಾಟು?' ಎಂದು ಸೆಕ್ಯುರಿಟಿಯವನು ಬಸವನನ್ನೇ ಕೇಳುತ್ತಿದ್ದ. ವಾಲಗದ ಸದ್ದಿಗೆ ನಾನೇ ಚಪ್ಪಲಿ ಮೆಟ್ಟಿಕೊಂಡು ಕೆಳಗಿಳಿದೆ.

ಕವಡೆ ಸರ, ಗೆಜ್ಜೆ, ಬೆನ್ನ ಮೇಲೆ ಬಣ್ಣಬಣ್ಣದ ಬಟ್ಟೆ, ಹಣೆಯ ಮೇಲೆ ಕ್ಯೂಆರ್ ಕೋಡ್! ಪುಳಕಗೊಂಡು ಮೊಬೈಲ್ ಎತ್ತಿ ಹಿಡಿದೆ. ಅಷ್ಟರಲ್ಲಿ ಯಜಮಾನ, 'ಸಾಮಿಯೋರ್ಗೆ ಒಳ್ಳೇದಾಯ್ತದಾ ಬಸವಣ್ಣ?' ಎಂದ. ಬಸವಣ್ಣ ತಲೆಯಾಡಿಸಿದ. ಸ್ಕ್ಯಾನ್ ಕೆಟ್ಟಿತು. 'ಸೈಟು ತಕ್ಕೊಂಡಾರಾ?' ಮತ್ತೆ ತಲೆ, ಮತ್ತೆ ಕೆಟ್ಟಿತು. 1994ರಲ್ಲಿ ಜಪಾನಿನ ಡೆನ್ಸೊ ವೇವ್‌ನವರು ಈ ಚೌಕವನ್ನು ಹುಟ್ಟಿಸಿದ್ದು ಕಾರಿನ ಬಿಡಿಭಾಗಗಳ ಲೆಕ್ಕಕ್ಕೆ. ಶೇ 30ರವರೆಗೆ ಅಳಿಸಿಹೋದರೂ ಅದನ್ನು ಓದಬಹುದಂತೆ. ಹಾಗಾಗಿ ಅರಿಸಿನ ಕುಂಕುಮದಿಂದ ತಂಟೆಯಿರಲಿಲ್ಲ. ಆದರೆ ಕಾರಿನ ಬಿಡಿಭಾಗಗಳು ಭವಿಷ್ಯ ಹೇಳುವುದಿಲ್ಲವಲ್ಲ!

'ಸ್ವಲ್ಪ ಅಲ್ಲಾಡಬೇಡಪ್ಪ' ಎಂದೆ. ಅದನ್ನೂ ಪ್ರಶ್ನೆಯೆಂದು ತಿಳಿದು ಬಸವಣ್ಣ ಜೋರಾಗಿಯೇ ತಲೆಯಾಡಿಸಿದ. ಎಡಗೊಂಬಿನ ಕಡೆಯಿಂದ ಹೋದೆ, ಬಲಗೊಂಬಿನ ಕಡೆಯಿಂದ ಬಂದೆ, ಕೊನೆಗೆ ಅವನೆದುರು ಮೊಣಕಾಲೂರಿದೆ. ಬಾಲ್ಕನಿಯಿಂದ ನೋಡುತ್ತಿದ್ದ ಅಜ್ಜಿಯೊಬ್ಬರು ನನ್ನ ಭಕ್ತಿ ಕಂಡು ತಾವೂ ಕೈಮುಗಿದರು. ಹಿಂದೆ ಕಾರಿನವರೊಬ್ಬರು ಹಾರ್ನ್ ಒತ್ತಿದ್ದೇ ಒತ್ತಿದ್ದು. ಸಿಲ್ಕ್ ಬೋರ್ಡ್ ಸಿಗ್ನಲ್ಲಿನಲ್ಲಿ ಮುಕ್ಕಾಲು ಗಂಟೆ ತೆಪ್ಪಗೆ ಕೂರುವ ಜನಕ್ಕೆ ಒಂದು ಎತ್ತಿನ ಮುಂದೆ ಎರಡು ನಿಮಿಷ ಕೂರಲಾಗದು! ಪ್ರಶ್ನೆ ನಿಲ್ಲಿಸುವಂತೆ ಯಜಮಾನನನ್ನೇ ಬೇಡಿಕೊಂಡೆ. ನನ್ನ ಭವಿಷ್ಯ ಸೈಟಿನ ಹತ್ತಿರಕ್ಕೇ ನಿಂತಿತು, ಇಪ್ಪತ್ತು ರೂಪಾಯಿ ಹೋಯಿತು.

ಆತ ಖುಷಿಪಡಲಿಲ್ಲ. 'ಅದು ಮಗನ ಖಾತೆ ಸಾಮಿ. ಅಲ್ಲಿಗೋದ್ರೆ ನನ್ನ ಕೈಗೆ ಬರಾಕಿಲ್ಲ. ಒಂದು ಟೀಗೆ ಕಾಸಿದ್ರೆ ಕೊಡಿ' ಎಂದ. ಬೆಳಗಿನಿಂದ ನಡೆದು ನಡೆದು ಅವನ ಕಾಲು ಊದಿತ್ತು. ಅಲ್ಲಿಯವರೆಗೆ ನಾನು ಚೌಕವನ್ನು ಬಿಟ್ಟು ಬೇರೇನೂ ನೋಡಿರಲಿಲ್ಲ.

ಜೇಬಿನಲ್ಲಿದ್ದದ್ದು ಮನೆಯ ಕೀಲಿ ಮಾತ್ರ. ಧಾರಾಳವಾಗಿ ಎದುರಿನ ಟೀ ಅಂಗಡಿಗೆ ಕರೆದೊಯ್ದೆ. 2025ರ ಜುಲೈನಲ್ಲಿ ಸಣ್ಣ ವ್ಯಾಪಾರಿಗಳಿಗೆ ಜಿಎಸ್‌ಟಿ ನೋಟಿಸು ಬಂದಾಗ ಅಂಟಿಸಿದ ಚೀಟಿ ಅಲ್ಲಿನ್ನೂ ಇತ್ತು: 'ಯುಪಿಐ ಇಲ್ಲ, ನಗದು ಮಾತ್ರ.'

ಯಜಮಾನ ನನ್ನ ಮುಖ ನೋಡಿದ. ಆಮೇಲೆ ಸೊಂಟದ ಚೀಲ ಬಿಚ್ಚಿ, ಮುದುಡಿದ ಹತ್ತರ ನೋಟುಗಳನ್ನು ಎಣಿಸಿ, ಎರಡು ಟೀ ಹೇಳಿದ.

ನನ್ನದಕ್ಕೆ ಸಕ್ಕರೆ ಕಡಿಮೆ ಎಂದು ನಾನೇ ಕೂಗಿದೆ.