ಸೆಕೆಂಡ್ ಹ್ಯಾಂಡ್ ಸ್ಕೋಪು ಮೀಮಾಂಸೆ

ಕೋವಿಯ ಬೆನ್ನೇರಿ ಕೂರುವ ದುರ್ಬೀನಿಗೆ ಸ್ಕೋಪು ಎಂದು ಹೆಸರು. ಹಾಗೆ ಕೂತಿದ್ದು, ಕಾರಣಾಂತರದಿಂದ ಇಳಿದು, ಮಾರಾಟದ ಮೇಜಿನ ಮೇಲೆ ಮಲಗಿರುವುದನ್ನು ಈ ಪ್ರಬಂಧದಲ್ಲಿ 'ಜೀರ್ಣಸ್ಕೋಪು' ಎಂದು ಕರೆಯಲಾಗಿದೆ. ಆ 'ಕಾರಣಾಂತರ' ಯಾವುದು ಎಂಬುದೇ ನಮ್ಮ ಜಿಜ್ಞಾಸೆ.

ಅಧ್ಯಯನದ ಕ್ಷೇತ್ರ ಅಮೆರಿಕ. ಕರ್ನಾಟಕವನ್ನು ಕೈಬಿಟ್ಟಿದ್ದಕ್ಕೆ ವಿದ್ವತ್ಪೂರ್ಣ ಕಾರಣವಿದೆ: 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಬಂದ ಮೇಲೆ ನಮ್ಮಲ್ಲಿ ಶಿಕಾರಿಗೆಂದು ಸ್ಕೋಪು ಪರೀಕ್ಷಿಸುವವನನ್ನು ಸಂಶೋಧಕ ಎನ್ನುವುದಿಲ್ಲ, ಆರೋಪಿ ಎನ್ನುತ್ತಾರೆ. ಅದಕ್ಕೆ ಹಿಂದಿನ ಆಕರಗಳೂ ನಿರಾಶಾದಾಯಕ. ಬೆಂಗಳೂರಿನ ಕೆನೆತ್ ಆಂಡರ್ಸನ್ ಸಾಹೇಬರು ರೈಫಲ್ಲಿಗೆ ಟಾರ್ಚು ಕಟ್ಟಿಕೊಂಡು ನರಭಕ್ಷಕಗಳಿಗಾಗಿ ರಾತ್ರಿಯಿಡೀ ಕಾದವರು; ಟಾರ್ಚಿನ ಬಗ್ಗೆ ಬೇಕಾದಷ್ಟು ಬರೆದರೂ ನಮ್ಮ ವಿಷಯಕ್ಕೆ ಅವರಿಂದ ಉಪಕಾರವಾಗಿಲ್ಲ. ಅಭಿನವ್ ಬಿಂದ್ರಾ 2008ರಲ್ಲಿ ಬೀಜಿಂಗ್‌ನಲ್ಲಿ ಚಿನ್ನ ಗೆದ್ದ 10 ಮೀಟರ್ ಏರ್ ರೈಫಲ್ ಸ್ಪರ್ಧೆಯಲ್ಲಂತೂ ಸ್ಕೋಪಿಗೆ ಪ್ರವೇಶವೇ ಇಲ್ಲ, ಸಣ್ಣ ರಂಧ್ರದ ಮೂಲಕ ಬರಿಗಣ್ಣಲ್ಲೇ ಗುರಿ ಹಿಡಿಯಬೇಕು. ಪ್ರಬಂಧದ ಹಿತದೃಷ್ಟಿಯಿಂದ ಈ ಸಾಕ್ಷ್ಯವನ್ನು ಇಲ್ಲಿಗೇ ಮುಚ್ಚಿಡಲಾಗಿದೆ.

ಅಮೆರಿಕದಲ್ಲಿ ಆಕರಗಳಿಗೆ ಬರವಿಲ್ಲ. ಗನ್ ಶೋಗಳ ಮೇಜುಗಳಲ್ಲಿ, ಒತ್ತೆ ಅಂಗಡಿಗಳ ಗಾಜಿನ ಕಪಾಟುಗಳಲ್ಲಿ ಜೀರ್ಣಸ್ಕೋಪುಗಳು ಸಾಲಾಗಿ ಒರಗಿರುತ್ತವೆ. ಬಹುಪಾಲು '3-9x40' ಕುಲದವು. ಅಂದರೆ ಮೂರರಿಂದ ಒಂಬತ್ತು ಪಟ್ಟು ಹಿಗ್ಗಿಸುವ, ಮುಂದಿನ ಗಾಜು 40 ಮಿಲಿಮೀಟರ್ ಅಗಲವಿರುವ, ಜಿಂಕೆ ಶಿಕಾರಿಗೆ ಸಾಕೆನಿಸುವ ಸಾಮಾನ್ಯ ಪ್ರಜೆಗಳು.

ಇಂಥ ಪ್ರತಿಯೊಂದಕ್ಕೂ ಒಂದು ಮೌಖಿಕ ಪರಂಪರೆ ಅಂಟಿಕೊಂಡಿರುತ್ತದೆ. ಅದನ್ನು ಮಾರುವವನೇ ಪಠಿಸುತ್ತಾನೆ. 'ಒಂದೇ ಸೀಸನ್ ಬಳಸಿದ್ದು' ಎಂಬುದು ಮೂಲಪಾಠ. 'ಇದಕ್ಕಿಂತ ದೊಡ್ಡದು ಕೊಂಡೆ, ಅದಕ್ಕೇ ಕೊಡ್ತಿದ್ದೀನಿ' ಎಂಬುದು ಪಾಠಾಂತರ. 'ನಮ್ಮ ಮಾವನದು, ಪಾಪ, ಅವರಿಗೆ ಈಗ ಕಣ್ಣು ಕಾಣಲ್ಲ' ಎಂಬುದು ಪ್ರಕ್ಷಿಪ್ತ. ಮೌಖಿಕ ಪರಂಪರೆಗೂ ಶಾಸನಕ್ಕೂ ವಿರೋಧ ಬಂದಲ್ಲಿ ಶಾಸನವೇ ಪ್ರಮಾಣ ಎಂಬುದು ಇತಿಹಾಸಕಾರರ ನಿಯಮ. ಸ್ಕೋಪಿನ ಶಾಸನವಿರುವುದು ಅದರ ಕೊಳವೆಯ ಮೇಲೆ. ಕೋವಿಗೆ ಬಿಗಿಯುವ ಬಳೆಗಳು ಅಲ್ಲಿ ಗುರುತು ಬಿಟ್ಟಿರುತ್ತವೆ. ಬೇರೆ ಬೇರೆ ಅಂತರದಲ್ಲಿ ಎರಡು ಜೊತೆ ಗುರುತುಗಳಿದ್ದರೆ ರಾಜವಂಶ ಒಮ್ಮೆಯಾದರೂ ಬದಲಾಗಿದೆ. 'ಒಂದೇ ಸೀಸನ್' ಸಿದ್ಧಾಂತ ಅಲ್ಲಿಗೆ ಬಿತ್ತು. ಗುರುತು ಉದ್ದಕ್ಕೆ ಗೀರಿಕೊಂಡು ಹೋಗಿದ್ದರೆ ಬಳೆ ಸಡಿಲವಾಗಿತ್ತು, ಕೋವಿ ಒದ್ದಾಗಲೆಲ್ಲ ಸ್ಕೋಪು ಜಾರುತ್ತಿತ್ತು. ಕೊಳವೆಯೇ ತಗ್ಗಿದ್ದರೆ ಯಾರೋ ಭೀಮಸೇನ ಸ್ಕ್ರೂ ತಿರುಗಿಸಿದ್ದಾನೆ. ಈ ಕೊನೆಯದು ಕ್ಷಮೆಗೆ ಅರ್ಹವಲ್ಲ: ಹೊರಕೊಳವೆಯೊಳಗೆ ಇನ್ನೊಂದು ಸಣ್ಣ ಕೊಳವೆಯಿದ್ದು, ಗುರಿ ಹಿಡಿಯುವ ಅಡ್ಡಗೆರೆಯನ್ನು ಸರಿಸಲು ಅದು ಅಲ್ಲಾಡಬೇಕು. ಹೊರಗೋಡೆ ಒತ್ತಿದರೆ ಅದು ಉಸಿರುಗಟ್ಟುತ್ತದೆ.

ಕೆಲವೊಮ್ಮೆ ಶಾಸನ ಸ್ಕೋಪಿನ ಮೇಲಿರುವುದೇ ಇಲ್ಲ, ಮಾರುವವನ ಹುಬ್ಬಿನ ಮೇಲಿರುತ್ತದೆ. ಕಣ್ಣಿಗೂ ಹಿಂದಿನ ಗಾಜಿಗೂ ಮೂರೂವರೆ ಇಂಚಿನಷ್ಟು ಅಂತರ ಬೇಕು. ದೊಡ್ಡ ಕೋವಿ ಹಿಡಿದು ಹತ್ತಿರ ಮುಖವಿಟ್ಟವನ ಹಣೆಗೆ ಸ್ಕೋಪಿನ ಅಂಚು ಬಡಿದು ಅರ್ಧಚಂದ್ರದ ಮುದ್ರೆ ಒತ್ತುತ್ತದೆ. ವಿಕ್ರೇತನಲ್ಲಿ ಈ ಮುದ್ರೆ ಕಂಡರೆ 'ಯಾಕೆ ಮಾರುತ್ತಿದ್ದೀರಿ' ಎಂದು ಕೇಳುವ ಅಗತ್ಯವಿಲ್ಲ. ಕೇಳುವುದು ಸಭ್ಯತೆಯೂ ಅಲ್ಲ.

ಈಗ ಗಾಜಿನ ವಿಚಾರ. ಕೊಳ್ಳುವವರಲ್ಲಿ ಬಹುಸಂಖ್ಯಾತರಾದ ಸ್ಫುಟವಾದಿಗಳು ಸ್ಕೋಪನ್ನು ಎತ್ತಿ, ಅಂಗಡಿಯ ಆಚೆ ಗೋಡೆಯ ಬೋರ್ಡನ್ನು ನೋಡಿ, 'ಆಹಾ, ಎಷ್ಟು ಸ್ಪಷ್ಟ!' ಎಂದು ಹಣ ಎಣಿಸುತ್ತಾರೆ. ಟ್ಯೂಬ್‌ಲೈಟಿನ ಕೆಳಗೆ ಯಾವ ಗಾಜು ತಾನೇ ಸ್ಪಷ್ಟವಲ್ಲ? ಜಿಂಕೆ ಬರುವುದು ಮುಸ್ಸಂಜೆಗೆ. ಆಗಿನ ಬೆಳಕಿನಲ್ಲಿ ಸ್ಕೋಪಿನ ಸಾಮರ್ಥ್ಯ ಅಳೆಯಲು 'ಟ್ವೈಲೈಟ್ ಫ್ಯಾಕ್ಟರ್' ಎಂಬ ಸಂಖ್ಯೆಯೊಂದಿದೆ: ಪಟ್ಟನ್ನು ಗಾಜಿನ ಅಗಲದಿಂದ ಗುಣಿಸಿ ವರ್ಗಮೂಲ ತೆಗೆಯಬೇಕು. ನಮ್ಮ 3-9x40ಕ್ಕೆ ಒಂಬತ್ತು ಪಟ್ಟಿನಲ್ಲಿ ಇದು ಸುಮಾರು 19. ಗಾಜಿನ ಗುಣಮಟ್ಟಕ್ಕೆ ಈ ಸೂತ್ರದಲ್ಲಿ ಜಾಗವೇ ಇಲ್ಲವಾದ್ದರಿಂದ, ಲೆನ್ಸು ಕಿತ್ತು ಸೀಸೆಯ ತಳ ಕೂರಿಸಿದರೂ ಉತ್ತರ 19ರಿಂದ ಕದಲುವುದಿಲ್ಲ. ಇಷ್ಟು ಸ್ಥಿರವಾದ ಸತ್ಯ ಬೇರೆ ಶಾಸ್ತ್ರಗಳಲ್ಲಿ ಅಪರೂಪ. ಇದಕ್ಕಿಂತ ಉಪಯುಕ್ತವಾದದ್ದು ಸುಲಭದ ಭಾಗಾಕಾರ: 40ನ್ನು ಪಟ್ಟಿನಿಂದ ಭಾಗಿಸಿ. ಒಂಬತ್ತರಲ್ಲಿ ಕಣ್ಣಿಗೆ ಬರುವ ಬೆಳಕಿನ ಕಂಬ 4.4 ಮಿಲಿಮೀಟರ್, ಆರರಲ್ಲಿ 6.7. ಕತ್ತಲಲ್ಲಿ ಹರೆಯದ ಕಣ್ಣಿನ ಪಾಪೆ ಏಳರವರೆಗೆ ಅರಳುತ್ತದೆ, ವಯಸ್ಸಾದಂತೆ ಅಷ್ಟು ಅರಳದು. ಹಾಗಾಗಿ ಮುಸ್ಸಂಜೆಗೆ ಪಟ್ಟು ಇಳಿಸಿ ನೋಡಬೇಕು.

ಹೊರಗಾಜಿನ ಸಣ್ಣ ಗೀರುಗಳಿಗೆ ಹೆದರಬೇಕಿಲ್ಲ. ಕಣ್ಣಿಗೆ ಅವು ಕಾಣುವುದೇ ಇಲ್ಲ, ಚೌಕಾಸಿಗೆ ಮಾತ್ರ ಒದಗುತ್ತವೆ. ಹೆದರಬೇಕಾದ್ದು ಒಳಗಿನ ಮಸುಕಿಗೆ. ಮುಂದಿನಿಂದ ಟಾರ್ಚು ಬಿಟ್ಟು ಓರೆಯಾಗಿ ನೋಡಿದರೆ ಬೂಷ್ಟು, ತೇವದ ಕಲೆ ಎಲ್ಲ ತೋರುತ್ತವೆ. (ಆಂಡರ್ಸನ್ನರ ಟಾರ್ಚು ಕಡೆಗೂ ಉಪಯೋಗಕ್ಕೆ ಬಂತು.) ತೇವಕ್ಕೆ ಈ ಶಾಸ್ತ್ರದಲ್ಲಿ ಒಂದು ಸ್ಥಳಪುರಾಣವೇ ಇದೆ. ಆರೆಗಾನ್‌ನ ಲ್ಯೂಪೋಲ್ಡ್ ಮನೆತನದ ಮಾರ್ಕಸ್ ಎಂಬಾತ ಸ್ಕೋಪು ಮಂಜುಗಟ್ಟಿದ್ದರಿಂದ ಜಿಂಕೆಯನ್ನು ತಪ್ಪಿಸಿಕೊಂಡು, ಆ ಸಿಟ್ಟಿನಲ್ಲಿ ಒಳಗೆ ಮಂಜುಗಟ್ಟದ ಸ್ಕೋಪು ಮಾಡಲು ಹೊರಟನಂತೆ. ಮೋಜಣಿ ಉಪಕರಣ ಮಾಡುತ್ತಿದ್ದ ಅವರ ಕಂಪನಿಯ ಮೊದಲ ಸ್ಕೋಪು 1947ರಲ್ಲಿ ಹೊರಬಂತು. ಜಿಂಕೆಯ ಕಡೆಯ ಹೇಳಿಕೆ ದಾಖಲಾಗಿಲ್ಲ.

ಒಂದು ಅನ್ಯಾಯವನ್ನಂತೂ ಇಲ್ಲಿ ಖಂಡಿಸಲೇಬೇಕು. ತಲೆ ಅಲ್ಲಾಡಿಸಿದಾಗ ಅಡ್ಡಗೆರೆ ಗುರಿಯ ಮೇಲೆ ತೇಲಿತೆಂದು ಸ್ಕೋಪನ್ನು ತಿರಸ್ಕರಿಸುವವರಿದ್ದಾರೆ. ಇದು ಪ್ಯಾರಲಾಕ್ಸ್. ಬೇಟೆಯ ಸ್ಕೋಪನ್ನು ಸಾಮಾನ್ಯವಾಗಿ 100 ಗಜ ಅಥವಾ ಅದಕ್ಕೂ ಆಚೆಗೆ ಹೊಂದಿಸಿರುತ್ತಾರೆ. ಹತ್ತು ಗಜದ ಅಂಗಡಿಯಲ್ಲಿ ತೇಲದೆ ಅದೇನು ಮಾಡೀತು?

ಹಾಗಾದರೆ ನಿಜವಾದ ಪ್ರಶ್ನೆ ಯಾವುದು? ಸ್ಕೋಪಿನ ಮೇಲಿನ ಗುಂಡಿ ತಿರುಗಿಸಿದಷ್ಟೇ ಅಡ್ಡಗೆರೆ ಸರಿಯುತ್ತದೆಯೇ, ಮರಳಿ ತಿರುಗಿಸಿದರೆ ಹೊರಟಲ್ಲಿಗೇ ಬಂದು ನಿಲ್ಲುತ್ತದೆಯೇ? ಅಲ್ಪಸಂಖ್ಯಾತರಾದ ನಾವು ಪುನರಾಗಮನವಾದಿಗಳು. ನಮ್ಮ ದುರದೃಷ್ಟಕ್ಕೆ ಇದಕ್ಕೆ ಮೇಜಿನ ಮೇಲೆ ಉತ್ತರವಿಲ್ಲ. ಅರ್ಧ ಉತ್ತರ ಮಾತ್ರ ಕನ್ನಡಿಯಿಂದ ಸಿಗುತ್ತದೆ: ಮುಂದಿನ ಗಾಜನ್ನು ಕನ್ನಡಿಗೆ ಒತ್ತಿ ಹಿಡಿದು, ಕಡಿಮೆ ಪಟ್ಟಿನಲ್ಲಿ ನೋಡಿದರೆ ಅಡ್ಡಗೆರೆಯೂ ಅದರ ಪ್ರತಿಬಿಂಬವೂ ಕಾಣುತ್ತವೆ. ಗುಂಡಿಗಳನ್ನು ತಿರುಗಿಸುತ್ತ ಎರಡನ್ನೂ ಒಂದರ ಮೇಲೊಂದು ಕೂರಿಸಬಹುದಾದರೆ ಒಳಗಿನ ಯಂತ್ರ ಬದುಕಿದೆ. ಬರುವುದೇ ಇಲ್ಲವೆಂದರೆ ಮಾವನವರ ಕಣ್ಣಿಗಿಂತ ಮೊದಲು ಸ್ಕೋಪಿನದೇ ಹೋಗಿದೆ.

ಯಾವ ಕೋವಿಯ ಮೇಲಿತ್ತು ಎಂದು ಕೇಳುವುದನ್ನೂ ಮರೆಯಬಾರದು. 'ಅಯ್ಯೋ, ಬರೀ ಸ್ಪ್ರಿಂಗಿನ ಏರ್‌ಗನ್ ಮೇಲೆ' ಎಂದು ಆತ ಹೆಮ್ಮೆಯಿಂದ ಹೇಳಿದರೆ ಸಮಾಧಾನಪಡುವ ಹಾಗಿಲ್ಲ. ದೊಡ್ಡ ರೈಫಲ್ ಹಿಂದಕ್ಕೆ ಒದೆಯುತ್ತದೆ, ಸ್ಕೋಪನ್ನು ಅದಕ್ಕೆಂದೇ ಕಟ್ಟಿರುತ್ತಾರೆ. ಸ್ಪ್ರಿಂಗಿನ ಏರ್‌ಗನ್ ಮೊದಲು ಹಿಂದಕ್ಕೆ, ಮರುಕ್ಷಣ ಮುಂದಕ್ಕೆ ಜಗ್ಗುತ್ತದೆ. ಅದಕ್ಕೆ ತಕ್ಕಂತೆ ಕಟ್ಟದ ಸ್ಕೋಪಿನ ಒಳಗೆ ಏನೆಲ್ಲ ಕಳಚಿದೆಯೋ.

ಪೂರ್ಣ ಉತ್ತರ ಸಿಗುವುದು ಶೂಟಿಂಗ್ ರೇಂಜಿನಲ್ಲೇ. ಕಾಲಿಂಚು ಕ್ಲಿಕ್ಕೆಂದು ಜನ ಕರೆಯುವ ಸ್ಕೋಪಿನಲ್ಲಿ 80 ಕ್ಲಿಕ್ ಮೇಲಕ್ಕೆ ತಿರುಗಿಸಿದರೆ 100 ಗಜದಲ್ಲಿ ಗುಂಡು 20.94 ಇಂಚು ಏರಬೇಕು. ಆ ಕ್ಲಿಕ್ಕು ನಿಜಕ್ಕೂ ಕಾಲು 'ಮಿನಿಟ್' ಕೋನದ್ದು, ಒಂದು ಮಿನಿಟ್‌ಗೆ ಅಲ್ಲಿ 1.047 ಇಂಚು. ಆಮೇಲೆ ಬಲಕ್ಕೆ, ಕೆಳಕ್ಕೆ, ಎಡಕ್ಕೆ ಅಷ್ಟಷ್ಟೇ ತಿರುಗಿಸುತ್ತ ಹೊಡೆದರೆ ಕಾಗದದ ಮೇಲೆ ಚೌಕ ಮೂಡಿ, ಕೊನೆಯ ಗುಂಡುಗಳು ಮೊದಲಿನವುಗಳ ಪಕ್ಕದಲ್ಲೇ ಬೀಳಬೇಕು. ಬೇರೆಲ್ಲೋ ಬಿದ್ದರೆ ತಪ್ಪು ಸ್ಕೋಪಿನದು. ಕೈಯದೂ ಇರಬಹುದು, ಆದರೆ ಕೈಯನ್ನು ಯಾರೂ ಹಿಂದಿರುಗಿಸುವಂತಿಲ್ಲ.

ಸಿದ್ಧಾಂತ ಇಷ್ಟು. ಲ್ಯೂಪೋಲ್ಡ್‌ನ ಗೋಲ್ಡ್ ರಿಂಗ್ ಸ್ಕೋಪುಗಳಿಗೂ ವೋರ್ಟೆಕ್ಸ್ ಕಂಪನಿಯವಕ್ಕೂ ಮಾಲೀಕ ಯಾರೆಂದು ಕೇಳದೆ ಗ್ಯಾರಂಟಿ ಇದೆ, ನಕಲಿಗಳಿಗಿಲ್ಲ. ಲ್ಯೂಪೋಲ್ಡ್ ಹೆಸರಿನ ನಕಲಿಗಳೂ ಪೇಟೆಯಲ್ಲಿ ಓಡಾಡುವುದರಿಂದ ಸೀರಿಯಲ್ ನಂಬರನ್ನು ಕಂಪನಿಗೇ ಕೇಳಿ. ಗ್ಯಾರಂಟಿ ಇಲ್ಲದ್ದನ್ನು ಕೊಳ್ಳುವುದಾದರೆ ದುಡ್ಡು ಕೊಡುವ ಮೊದಲೇ 'ಚೌಕ ಮೂಡದಿದ್ದರೆ ವಾಪಸು ತರುತ್ತೇನೆ' ಎಂದುಬಿಡಿ. ಆತ ಒಪ್ಪಿದರೆ ಕೊಳ್ಳಿ. ಮಾವನವರ ಮಾತು ಶುರು ಮಾಡಿದರೆ ಸ್ಕೋಪನ್ನು ಮೇಜಿನ ಮೇಲೇ ಬಿಟ್ಟು ಬನ್ನಿ. ಪರೀಕ್ಷೆಯ ಗುಂಡಿನ ಖರ್ಚು ಎರಡೂ ಪಂಥಗಳಲ್ಲಿ ಕೊಳ್ಳುವವರದೇ.